ಬ್ಲಿಕ್ಸಾ ಬಾರ್ಗೆಲ್ಡ್: ಮುಖ್ಯಾಂಶಗಳು

ವ್ಯಕ್ತಿ ಪರಿಚಯ

• ಮೂಲ ಹೆಸರು: ಕ್ರಿಶ್ಚಿಯನ್ ಎಮೆರಿಶ್.
• ಜನನ: 12 ಜನವರಿ 1959, ಪಶ್ಚಿಮ ಬರ್ಲಿನ್.
• ಕ್ಷೇತ್ರ: ಪೋಸ್ಟ್-ಪಂಕ್, ಇಂಡಸ್ಟ್ರಿಯಲ್ ಸಂಗೀತ, ಆಲ್ಟರ್ನೇಟಿವ್ ರಾಕ್.
• ಪಾತ್ರ: ಗಾಯಕ, ಗೀತರಚನಕಾರ, ಗಿಟಾರ್ ವಾದಕ, ರಂಗ ಮತ್ತು ರೇಡಿಯೊ ಕಲಾವಿದ.
• ರಂಗನಾಮದ ಮೊದಲ ಭಾಗ: ಫೆಲ್ಟ್ ಪೆನ್ ಒಂದರ ಬ್ರ್ಯಾಂಡ್ ಹೆಸರು.
• ಎರಡನೇ ಭಾಗ: ಕಲೋನ್ ನಗರದ ದಾದಾ ಪಂಥದ ಕಲಾವಿದ ಯೋಹಾನೆಸ್ ಥಿಯೊಡೋರ್ ಬಾರ್ಗೆಲ್ಡ್ ಸ್ಮರಣೆ.
• ಸ್ಥಾಪಿಸಿದ ತಂಡ: ಐನ್‌ಸ್ಟ್ಯುರ್ಟ್ಸೆಂಡೆ ನಾಯ್‌ಬೌಟೆನ್, 1980. ಮುಂದೆ ‘ನಾಯ್‌ಬೌಟೆನ್’ ಎಂದಷ್ಟೇ ಉಲ್ಲೇಖ.
• ಗಿಟಾರ್ ವಾದಕರಾಗಿದ್ದ ತಂಡ: ನಿಕ್ ಕೇವ್ ಅಂಡ್ ದ ಬ್ಯಾಡ್ ಸೀಡ್ಸ್, 1983–2003.
• ವಾಸ: ಬರ್ಲಿನ್; ನಡುವೆ ಸ್ಯಾನ್ ಫ್ರಾನ್ಸಿಸ್ಕೊ ಮತ್ತು ಬೀಜಿಂಗ್.

ಗಮನಿಸಿ: 20 ವರ್ಷ ಏಕಕಾಲಕ್ಕೆ ಎರಡು ತಂಡ. ಒಂದರಲ್ಲಿ ನಾಯಕ, ಇನ್ನೊಂದರಲ್ಲಿ ಪಕ್ಕವಾದ್ಯಗಾರ. ಪರಿಚಯ ಲೇಖನಗಳಲ್ಲಿ ಎರಡನೆಯದಕ್ಕೇ ಹೆಚ್ಚು ಜಾಗ. ಸಂಗೀತ ಚರಿತ್ರೆಯಲ್ಲಿ ತೂಕ ಮೊದಲನೆಯದಕ್ಕೇ.

ಹಿನ್ನೆಲೆ: ಪಶ್ಚಿಮ ಬರ್ಲಿನ್

• ಬರ್ಲಿನ್ ಗೋಡೆ: ನಿರ್ಮಾಣಾರಂಭ 13 ಆಗಸ್ಟ್ 1961, ಪತನ 9 ನವೆಂಬರ್ 1989.
• ಪಶ್ಚಿಮ ಬರ್ಲಿನ್: ಪೂರ್ವ ಜರ್ಮನಿಯ ನಡುವೆ ಸುತ್ತುವರಿದ ನಗರ, ಅಮೆರಿಕ, ಬ್ರಿಟನ್, ಫ್ರಾನ್ಸ್ ವಲಯಗಳು.
• ಪಶ್ಚಿಮ ಬರ್ಲಿನ್ ನಿವಾಸಿಗಳಿಗೆ ಪಶ್ಚಿಮ ಜರ್ಮನಿಯ ಕಡ್ಡಾಯ ಸೇನಾಸೇವೆಯಿಂದ ವಿನಾಯಿತಿ; ಯುವಕರ ವಲಸೆಗೆ ಮುಖ್ಯ ಕಾರಣ.
• ಖಾಲಿ ಕಟ್ಟಡಗಳ ಅತಿಕ್ರಮಣ ವಾಸದ ಚಳವಳಿ: ಉತ್ತುಂಗ 1981, ಕೇಂದ್ರ ಕ್ರೊಯ್ಟ್ಸ್‌ಬರ್ಗ್ ಬಡಾವಣೆ.
• ಎಸ್‌ಓ36: ಕ್ರೊಯ್ಟ್ಸ್‌ಬರ್ಗ್‌ನ ಪಂಕ್ ಕ್ಲಬ್, ಆರಂಭ 1978, ಹೆಸರು ಹಳೆಯ ಅಂಚೆ ವಲಯದ್ದು.
• ಹನ್ಸಾ ಸ್ಟುಡಿಯೊ: ಕ್ಯೋಟೆನರ್ ಬೀದಿ, ಗೋಡೆಯ ಸಮೀಪ. ಡೇವಿಡ್ ಬೋವಿ ಅವರ ‘ಹೀರೋಸ್’ ಆಲ್ಬಂ ಧ್ವನಿಮುದ್ರಣ ಸ್ಥಳ, 1977. ಮುಂದೆ ನಾಯ್‌ಬೌಟೆನ್ ಮತ್ತು ಬ್ಯಾಡ್ ಸೀಡ್ಸ್ ಎರಡಕ್ಕೂ ಕಾರ್ಯಸ್ಥಳ.
• ಐಸನ್‌ಗ್ರೌ: ಶ್ಯೋನೆಬರ್ಗ್‌ನ ಗೋಲ್ಟ್ಸ್ ಬೀದಿಯ ಉಡುಪಿನ ಅಂಗಡಿ, ಸ್ಥಾಪಕಿಯರು ಗುಡ್ರುನ್ ಗುಟ್ ಮತ್ತು ಬೆಟಿನಾ ಕ್ಯೋಸ್ಟರ್, ನಂತರದ ನಿರ್ವಹಣೆ ಬಾರ್ಗೆಲ್ಡ್. ಅದೇ ಕ್ಯಾಸೆಟ್ ಮಾರಾಟ ಮತ್ತು ಸಂಗೀತಗಾರರ ಭೇಟಿಯ ತಾಣ.
• ರಿಸಿಕೊ: ಯಾರ್ಕ್ ಬೀದಿಯ ಬಾರ್, 1980ರ ದಶಕದ ಆರಂಭದಲ್ಲಿ ಬಾರ್ಗೆಲ್ಡ್ ಇಲ್ಲಿ ಬಾರ್‌ಟೆಂಡರ್.

ತಂಡದ ಸ್ಥಾಪನೆ

• ಪ್ರಥಮ ಪ್ರದರ್ಶನ: 1 ಏಪ್ರಿಲ್ 1980, ಮೂನ್ ಕ್ಲಬ್, ಪಶ್ಚಿಮ ಬರ್ಲಿನ್.
• ಪ್ರಥಮ ಪ್ರದರ್ಶನದ ನಾಲ್ವರು: ಬ್ಲಿಕ್ಸಾ ಬಾರ್ಗೆಲ್ಡ್, ಎನ್.ಯು. ಉನ್ರೂ, ಬೆಯಾಟೆ ಬಾರ್ಟೆಲ್, ಗುಡ್ರುನ್ ಗುಟ್.
• ಗುಟ್ ಮತ್ತು ಬಾರ್ಟೆಲ್: ಅಲ್ಪಾವಧಿ ಸದಸ್ಯತ್ವ, ಇಬ್ಬರೂ ಮೇನಿಯಾ ಡಿ. ತಂಡದವರು. ಗುಟ್ ಮುಂದೆ ಮಲೇರಿಯಾ ತಂಡದ ಸಹಸ್ಥಾಪಕಿ, 1981.
• ತಂಡದ ಹೆಸರಿನ ಅರ್ಥ: ಕುಸಿಯುವ ಹೊಸ ಕಟ್ಟಡಗಳು. ‘ನಾಯ್‌ಬೌ’ ಎಂದರೆ ಯುದ್ಧಾನಂತರ ತರಾತುರಿಯಲ್ಲಿ ಎದ್ದ ಕಾಂಕ್ರೀಟ್ ವಸತಿ ಕಟ್ಟಡ.
• ಪ್ರಥಮ ಸಿಂಗಲ್: ಫ್ಯೂರ್ ಡೆನ್ ಉಂಟರ್‌ಗಾಂಗ್, 1980.
• ಸ್ಟಾಲ್‌ಮ್ಯೂಸಿಕ್ ಕ್ಯಾಸೆಟ್, 1980: ಹೆದ್ದಾರಿ ಸೇತುವೆಯೊಳಗಿನ ಪೊಳ್ಳಿನಲ್ಲಿ ಧ್ವನಿಮುದ್ರಣ, ಸೇತುವೆಯ ಉಕ್ಕೇ ವಾದ್ಯ.
• ‘ಗೆನಿಯಾಲೆ ಡಿಲೆಟಾಂಟೆನ್’ ಉತ್ಸವ: 4 ಸೆಪ್ಟೆಂಬರ್ 1981, ಟೆಂಪೊಡ್ರೋಮ್, ಪಶ್ಚಿಮ ಬರ್ಲಿನ್. ತರಬೇತಿ ಇಲ್ಲದ ಕಲಾವಿದರ ಚಳವಳಿಗೆ ಹೆಸರು ಇಲ್ಲಿಂದ. ಜರ್ಮನ್ ಪದದ ಅಕ್ಷರದೋಷ ಹಾಗೆಯೇ ಉಳಿಕೆ. ಅದೇ ಹೆಸರಿನ ಪುಸ್ತಕ: 1982, ಸಂಪಾದಕ ವೋಲ್ಫ್‌ಗಾಂಗ್ ಮ್ಯುಲರ್, ಮೆರ್ವೆ ಪ್ರಕಾಶನ.
• ಲಾಂಛನ: ತಲೆಯೊಳಗೆ ಚುಕ್ಕೆಯುಳ್ಳ ಗೆರೆಮಾನವ, ಮೂಲ ಮೆಕ್ಸಿಕೊದ ಟೋಲ್ಟೆಕ್ ಶಿಲಾಚಿತ್ರ.

ಕಾಂಗ್ರೆಸ್ ಹಾಲ್ ಕುಸಿತ, 21 ಮೇ 1980

• ಕಟ್ಟಡ: ಬರ್ಲಿನ್ ಕಾಂಗ್ರೆಸ್ ಹಾಲ್, 1957ರ ಇಂಟರ್‌ಬೌ ವಸ್ತುಪ್ರದರ್ಶನಕ್ಕೆ ಅಮೆರಿಕದ ಕೊಡುಗೆ.
• ವಾಸ್ತುಶಿಲ್ಪಿ: ಹ್ಯೂ ಸ್ಟಬಿನ್ಸ್. ಅಡ್ಡಹೆಸರು: ‘ಬಸುರಿ ಸಿಂಪಿ’.
• ಛಾವಣಿಯ ಭಾಗಶಃ ಕುಸಿತ, ಒಬ್ಬರ ಸಾವು.
• ಪುನರ್ನಿರ್ಮಾಣ: 1987. 1989ರಿಂದ ವಿಶ್ವ ಸಂಸ್ಕೃತಿಗಳ ಭವನ.
• ತಂಡದ ಹೆಸರು ಕುಸಿತಕ್ಕಿಂತ 7 ವಾರ ಹಳೆಯದು. ಕುಸಿತದಿಂದ ಹೆಸರು ಹುಟ್ಟಿತೆಂಬ ಹೇಳಿಕೆ ತಪ್ಪು. ಕುಸಿತದಿಂದ ಹೆಸರಿಗೆ ಪ್ರಚಾರ ಸಿಕ್ಕಿತೆಂಬುದು ಸರಿ.

ವಾದ್ಯಗಳು

• ಮೂಲ ಸಾಮಗ್ರಿ: ಗುಜರಿ ಲೋಹ, ಕಟ್ಟಡ ಕಾಮಗಾರಿಯ ಉಪಕರಣ.
• ಕಾರಣ: ಹಣದ ಕೊರತೆ, ಉನ್ರೂ ತಮ್ಮ ಡ್ರಮ್ ಸೆಟ್ ಮಾರಿದ ನಂತರ ತಗಡು ಮತ್ತು ಕಬ್ಬಿಣದ ತುಂಡುಗಳೇ ತಾಳವಾದ್ಯ.
• ಉಪಕರಣ: ಡ್ರಿಲ್ಲಿಂಗ್ ಮಷೀನು, ಜಾಕ್‌ಹ್ಯಾಮರ್, ಕಬ್ಬಿಣ ಕೊಯ್ಯುವ ಗ್ರೈಂಡರ್, ಸುತ್ತಿಗೆ.
• ಸಾಮಗ್ರಿ: ಉಕ್ಕಿನ ತಗಡು, ದೊಡ್ಡ ಸ್ಪ್ರಿಂಗು, ಎಣ್ಣೆ ಪೀಪಾಯಿ, ಶಾಪಿಂಗ್ ಟ್ರಾಲಿ, ಪ್ಲಾಸ್ಟಿಕ್ ಪೈಪು, ಥರ್ಮಾಕೋಲ್.
• ‘ಪರ್ಪೆಟುಮ್ ಮೊಬೀಲೆ’ ಆಲ್ಬಮಿನ ಪ್ರಧಾನ ಸಾಮಗ್ರಿ: ಗಾಳಿ, ಏರ್ ಕಂಪ್ರೆಸರ್ ಮತ್ತು ಪೈಪುಗಳು.
• ‘ಸೈಲೆನ್ಸ್ ಈಸ್ ಸೆಕ್ಸಿ’ ಶೀರ್ಷಿಕೆ ಗೀತೆ: ಸಿಗರೇಟು ಸೇದುವ, ಉರಿಯುವ ಸದ್ದು, ಉದ್ದನೆಯ ಮೌನಗಳು.
• ಬಾರ್ಗೆಲ್ಡ್ ಕಂಠ: ಉಸಿರು ಒಳಗೆಳೆದು ಹೊಮ್ಮಿಸುವ ತಾರಸ್ಥಾಯಿಯ ಚೀತ್ಕಾರ. ವಾದ್ಯಪಟ್ಟಿಯಲ್ಲಿ ಇದಕ್ಕೂ ಸ್ಥಾನ ಸಲ್ಲಬೇಕು. ಅನುಕರಣೆ ಹಲವು, ಸರಿಸಾಟಿ ವಿರಳ.
• ಪೂರ್ವಸೂರಿ: ಇಟಲಿಯ ಫ್ಯೂಚರಿಸ್ಟ್ ಲುಯಿಜಿ ರುಸ್ಸೊಲೊ, ‘ಶಬ್ದಗಳ ಕಲೆ’ ಪ್ರಣಾಳಿಕೆ, 1913.
• ‘ಡೇವ್’: ಬಾರ್ಗೆಲ್ಡ್ ರೂಪಿಸಿದ ಇಸ್ಪೀಟು ಮಾದರಿಯ ರಚನಾ ಪದ್ಧತಿ. ಪ್ರತಿ ಸದಸ್ಯನಿಗೆ ಕೆಲವು ಕಾರ್ಡು, ಕಾರ್ಡಿನ ಸೂಚನೆಯಂತೆ ನುಡಿಸಾಣಿಕೆ. ಫಲ: ‘ದ ಜ್ಯೂವೆಲ್ಸ್’, 2008.

ಸದಸ್ಯರು

• ಎನ್.ಯು. ಉನ್ರೂ: ಮೂಲ ಹೆಸರು ಆಂಡ್ರೂ ಚೂಡಿ, ಜನನ 1957, ನ್ಯೂಯಾರ್ಕ್, ತಂಡದ ವಾದ್ಯ ತಯಾರಕ, ಬಾರ್ಗೆಲ್ಡ್ ಜೊತೆ ಸ್ಥಾಪಕ ಸದಸ್ಯ.
• ಎಫ್.ಎಂ. ಐನ್‌ಹೈಟ್: ಜನನ 1958, ಡಾರ್ಟ್‌ಮುಂಡ್, ಹ್ಯಾಂಬರ್ಗ್‌ನ ಆಬ್‌ವೆರ್ಟ್ಸ್ ತಂಡದಿಂದ, ಸೇರ್ಪಡೆ 1981, ನಿರ್ಗಮನ 1995.
• ಮಾರ್ಕ್ ಚುಂಗ್: ಬೇಸ್ ಗಿಟಾರ್, ಅವರೂ ಆಬ್‌ವೆರ್ಟ್ಸ್ ಮೂಲ, ನಿರ್ಗಮನ 1994.
• ಅಲೆಕ್ಸಾಂಡರ್ ಹಾಕೆ: ಜನನ 1965, ಬರ್ಲಿನ್, ಆರಂಭದ ರಂಗನಾಮ ಅಲೆಕ್ಸಾಂಡರ್ ಫಾನ್ ಬೋರ್ಸಿಗ್, ಸೇರುವಾಗ ಹದಿಹರೆಯದ ಹುಡುಗ, ಮೊದಲು ಗಿಟಾರ್, ಚುಂಗ್ ನಂತರ ಬೇಸ್.
• ರೋಲಾಂಡ್ ವೋಲ್ಫ್: ಸೇರ್ಪಡೆ 1995, ಅದೇ ವರ್ಷ ಕಾರು ಅಪಘಾತದಲ್ಲಿ ಸಾವು.
• ಯೋಖೆನ್ ಆರ್ಬೈಟ್ ಮತ್ತು ರುಡಾಲ್ಫ್ ಮೋಸರ್: 1997ರಿಂದ, ಇಬ್ಬರೂ ಡಿ ಹೌಟ್ ತಂಡದ ಮೂಲದವರು.

ನಾಯ್‌ಬೌಟೆನ್: ಪ್ರಮುಖ ಆಲ್ಬಂಗಳು

• 1981, ಕೊಲಾಪ್ಸ್. ಪ್ರಥಮ ಆಲ್ಬಂ. ಸಂಸ್ಥೆ: ಹ್ಯಾಂಬರ್ಗ್‌ನ ಜಿಕ್‌ಜಾಕ್, ಸ್ಥಾಪಕ ಆಲ್ಫ್ರೆಡ್ ಹಿಲ್ಸ್‌ಬರ್ಗ್. ಹೊದಿಕೆ ಚಿತ್ರ: ಬರ್ಲಿನ್ ಒಲಿಂಪಿಕ್ ಕ್ರೀಡಾಂಗಣದ ಮುಂದೆ ಸಾಲಾಗಿ ಹರಡಿದ ಉಪಕರಣ, ಪಿಂಕ್ ಫ್ಲಾಯ್ಡ್ ತಂಡದ ‘ಉಮ್ಮಗುಮ್ಮ’ ಹಿಂಬದಿಯ ಅಣಕು. ‘ಜೆಟೆಮ್’: ಫ್ರಾನ್ಸ್‌ನ ಸೆರ್ಜ್ ಗ್ಯಾನ್ಸ್‌ಬೂರ್ ಗೀತೆಯ ಮರುರೂಪ.

• 1983, ತ್ಸೈಶ್‌ನುಂಗೆನ್ ಡೆಸ್ ಪಾಟ್ಸಿಯೆಂಟೆನ್ ಓ.ಟಿ. ಸಂಸ್ಥೆ: ಲಂಡನ್ನಿನ ಸಮ್ ಬಿಜಾರ್. ಶೀರ್ಷಿಕೆಯ ‘ಓ.ಟಿ.’: ಆಸ್ಟ್ರಿಯಾದ ಗುಗಿಂಗ್ ಮನೋರೋಗ ಚಿಕಿತ್ಸಾಲಯದ ಚಿತ್ರಕಾರ ಓಸ್ವಾಲ್ಡ್ ಟ್ಶಿರ್ಟ್‌ನರ್, 1920–2007. ಇದರ ‘ಅರ್ಮೇನಿಯಾ’ ಮುಂದೆ ಮೈಕೆಲ್ ಮ್ಯಾನ್ ನಿರ್ದೇಶನದ ‘ಹೀಟ್’ ಚಿತ್ರದಲ್ಲಿ, 1995.

• 1985, ಹಾಲ್ಬರ್ ಮೆನ್ಶ್. ಅರ್ಥ: ಅರ್ಧ ಮನುಷ್ಯ. ನಿರ್ಮಾಪಕ: ಗ್ಯಾರೆತ್ ಜೋನ್ಸ್. ಶೀರ್ಷಿಕೆ ಗೀತೆ: ವಾದ್ಯರಹಿತ ಸಮೂಹಗಾನ. ‘ಯ್ಯೂ-ಗುಂಗ್’: ನೃತ್ಯ ಕ್ಲಬ್‌ಗಳಿಗೆ ತಲುಪಿದ ಗೀತೆ, ಮರುಮಿಶ್ರಣ ಏಡ್ರಿಯನ್ ಶೆರ್ವುಡ್. ಗದ್ದಲದಿಂದ ರಚನೆಯತ್ತ ತಿರುವು ಇಲ್ಲೇ. ಒಂದೇ ಆಲ್ಬಂ ನೆನಪಿಡುವುದಾದರೆ ಇದು.

• 1987, ಫ್ಯುನ್ಫ್ ಔಫ್ ಡೆರ್ ನಾಖ್ ಓಬನ್ ಓಫನನ್ ರಿಶ್ಟರ್‌ಸ್ಕಾಲಾ. ಅರ್ಥ: ಮೇಲ್ಮಿತಿಯಿಲ್ಲದ ರಿಕ್ಟರ್ ಮಾಪಕದಲ್ಲಿ ಐದು. ತಂಡದ ಸದಸ್ಯರ ಸಂಖ್ಯೆಯೂ ಆಗ 5. ‘ಮಾರ್ನಿಂಗ್ ಡ್ಯೂ’: ಕೆನಡಾದ ಬಾನಿ ಡಾಬ್ಸನ್ ಗೀತೆಯ ಮರುಗಾಯನ. ಸಂಬಂಧಿತ ಅಂಶ: ರಿಕ್ಟರ್ ಮಾಪಕ, 1935, ಚಾರ್ಲ್ಸ್ ರಿಕ್ಟರ್.

• 1989, ಹೌಸ್ ಡೆರ್ ಲ್ಯೂಗೆ. ಅರ್ಥ: ಸುಳ್ಳಿನ ಮನೆ. ‘ಫೊಯ್ರಿಯೊ’: ರೈಶ್‌ಸ್ಟಾಗ್ ಅಗ್ನಿಕಾಂಡದ ಆರೋಪಿ ಮಾರಿನಸ್ ಫಾನ್ ಡೆರ್ ಲುಬ್ಬೆ ಉಲ್ಲೇಖ. ಅಗ್ನಿಕಾಂಡ 27 ಫೆಬ್ರುವರಿ 1933, ಶಿರಚ್ಛೇದ 10 ಜನವರಿ 1934. ‘ಫಿಯಾಟ್ ಲುಕ್ಸ್’: ಕ್ರೊಯ್ಟ್ಸ್‌ಬರ್ಗ್‌ನ ಮೇ ದಿನದ ಗಲಭೆಯ ಧ್ವನಿಮುದ್ರಣ ಬಳಕೆ.

• 1993, ಟಾಬುಲಾ ರಾಸಾ. ಜರ್ಮನ್ ಏಕೀಕರಣದ ನಂತರದ ಪ್ರಥಮ ಸ್ಟುಡಿಯೊ ಆಲ್ಬಂ. ಜೊತೆ ಕಿರು ಆಲ್ಬಂಗಳು: ‘ಇಂಟೆರಿಮ್’, ‘ಮಾಲೆಡಿಕ್ಶನ್’. ‘ಬ್ಲೂಮೆ’: ಗಾಯಕಿ ಅನಿಟಾ ಲೇನ್.

• 1996, ಎಂಡೆ ನಾಯ್. ಐನ್‌ಹೈಟ್ ಮತ್ತು ಚುಂಗ್ ನಿರ್ಗಮನದ ನಂತರದ ಪ್ರಥಮ ಆಲ್ಬಂ. ‘ಸ್ಟೆಲ್ಲಾ ಮಾರಿಸ್’: ಗಾಯಕಿ, ನಟಿ ಮೆರೆಟ್ ಬೆಕರ್ ಜೊತೆ ಯುಗಳಗೀತೆ.

• 2000, ಸೈಲೆನ್ಸ್ ಈಸ್ ಸೆಕ್ಸಿ. ಆರ್ಬೈಟ್, ಮೋಸರ್ ಸೇರ್ಪಡೆಯ ನಂತರದ ಪ್ರಥಮ ಆಲ್ಬಂ. ‘ಡಿ ಬೆಫಿಂಡ್‌ಲಿಶ್‌ಕೈಟ್ ಡೆಸ್ ಲಾಂಡೆಸ್’: ಏಕೀಕರಣಾನಂತರ ಮರುನಿರ್ಮಾಣಗೊಂಡ ಬರ್ಲಿನ್ ಹಿನ್ನೆಲೆ.

• 2004, ಪರ್ಪೆಟುಮ್ ಮೊಬೀಲೆ. ಮ್ಯೂಟ್ ಸಂಸ್ಥೆ.

• 2007, ಆಲ್ಲೆಸ್ ವೀಡರ್ ಓಫನ್. ಸ್ವಂತ ಸಂಸ್ಥೆ ಪೊಟೊಮಾಕ್. ಹೊರಗಿನ ಧ್ವನಿಮುದ್ರಿಕೆ ಕಂಪನಿಯ ಹಣವಿಲ್ಲದೆ ನಿರ್ಮಾಣ. ‘ನಾಗೊರ್ನಿ ಕಾರಾಬಾಖ್’, ‘ವೈಲ್ ವೈಲ್ ವೈಲ್’.

• 2014, ಲಮೆಂಟ್. ಪ್ರತ್ಯೇಕ ವಿಭಾಗ ಕೆಳಗೆ.

• 2020, ಆಲ್ಲೆಸ್ ಇನ್ ಆಲ್ಲೆಮ್. ಬಿಡುಗಡೆ 15 ಮೇ. ತಂಡದ 40ನೇ ವರ್ಷ. ಬರ್ಲಿನ್ ಸ್ಥಳನಾಮದ ಗೀತೆಗಳು: ‘ಆಮ್ ಲಾಂಡ್‌ವೇರ್‌ಕನಾಲ್’, ‘ಗ್ರಾಟ್ಸರ್ ಡಾಮ್’, ‘ವೆಡಿಂಗ್’, ‘ಟೆಂಪಲ್‌ಹೋಫ್’.

• 2024, ರಾಂಪೆನ್. ಬಿಡುಗಡೆ 5 ಏಪ್ರಿಲ್. ಉಪಶೀರ್ಷಿಕೆ: ಏಲಿಯನ್ ಪಾಪ್ ಮ್ಯೂಸಿಕ್. ಮೂಲ: 2022ರ ಪ್ರವಾಸದ ವೇದಿಕೆಗಳಲ್ಲಿ ಸ್ಥಳದಲ್ಲೇ ಹುಟ್ಟಿದ ಮನೋಧರ್ಮದ ನುಡಿಸಾಣಿಕೆ, ತಂಡದ ಭಾಷೆಯಲ್ಲಿ ಅದಕ್ಕೆ ‘ರಾಂಪೆ’.

ಸಂಕಲನ ಮಾಲೆ: ‘ಸ್ಟ್ರಾಟಜೀಸ್ ಅಗೇನ್‌ಸ್ಟ್ ಆರ್ಕಿಟೆಕ್ಚರ್’

• ಮೊದಲನೆಯದು: 1980–83ರ ರಚನೆಗಳು, ಮ್ಯೂಟ್ ಸಂಸ್ಥೆ.
• ಎರಡನೆಯದು: 1984–90ರ ರಚನೆಗಳು, ಬಿಡುಗಡೆ 1991.
• ಮೂರನೆಯದು: 1991–2001.
• ನಾಲ್ಕನೆಯದು: 2002–2010.
• ಮ್ಯೂಟ್: ಲಂಡನ್, ಸ್ಥಾಪನೆ 1978, ಸ್ಥಾಪಕ ಡೇನಿಯಲ್ ಮಿಲ್ಲರ್. ಡೆಪೆಶ್ ಮೋಡ್ ಮತ್ತು ಬ್ಯಾಡ್ ಸೀಡ್ಸ್ ತಂಡಗಳಿಗೂ ಹಿಂದೆ ಇದೇ ಸಂಸ್ಥೆ.

ಬ್ಯಾಡ್ ಸೀಡ್ಸ್ ಅವಧಿ, 1983–2003

• ನಿಕ್ ಕೇವ್: ಆಸ್ಟ್ರೇಲಿಯಾ, ಜನನ 1957. ಹಿಂದಿನ ತಂಡ: ದ ಬರ್ತ್‌ಡೇ ಪಾರ್ಟಿ, ಲಂಡನ್‌ನಿಂದ ಪಶ್ಚಿಮ ಬರ್ಲಿನ್‌ಗೆ ಸ್ಥಳಾಂತರ 1982, ವಿಸರ್ಜನೆ 1983.
• ಕೇವ್ ಕಣ್ಣಿಗೆ ಬಾರ್ಗೆಲ್ಡ್ ಮೊದಲು ಬಿದ್ದದ್ದು: 1982, ನೆದರ್ಲೆಂಡ್ಸ್ ಟಿವಿಯಲ್ಲಿ ನಾಯ್‌ಬೌಟೆನ್ ಪ್ರದರ್ಶನ.
• ಪ್ರಥಮ ಸಹಯೋಗ: ಬರ್ತ್‌ಡೇ ಪಾರ್ಟಿಯ ‘ಮ್ಯೂಟಿನಿ ಇನ್ ಹೆವನ್’, 1983, ಅತಿಥಿ ಗಿಟಾರ್.
• ಬ್ಯಾಡ್ ಸೀಡ್ಸ್ ಆರಂಭಿಕ ಸದಸ್ಯರು: ನಿಕ್ ಕೇವ್, ಮಿಕ್ ಹಾರ್ವಿ, ಬ್ಲಿಕ್ಸಾ ಬಾರ್ಗೆಲ್ಡ್, ಬ್ಯಾರಿ ಆಡಮ್ಸನ್, ಹ್ಯೂಗೊ ರೇಸ್.
• ಬಾರ್ಗೆಲ್ಡ್ ಪಾಲ್ಗೊಂಡ ಸ್ಟುಡಿಯೊ ಆಲ್ಬಂ: 12.

ಕಾಲಾನುಕ್ರಮ:
• 1984, ಫ್ರಮ್ ಹರ್ ಟು ಎಟರ್ನಿಟಿ
• 1985, ದ ಫಸ್ಟ್‌ಬಾರ್ನ್ ಈಸ್ ಡೆಡ್
• 1986, ಕಿಕಿಂಗ್ ಅಗೇನ್‌ಸ್ಟ್ ದ ಪ್ರಿಕ್ಸ್. ಪೂರ್ತಿ ಇತರರ ಗೀತೆಗಳ ಮರುಗಾಯನ
• 1986, ಯುವರ್ ಫ್ಯೂನರಲ್... ಮೈ ಟ್ರಯಲ್
• 1988, ಟೆಂಡರ್ ಪ್ರೇ
• 1990, ದ ಗುಡ್ ಸನ್. ಧ್ವನಿಮುದ್ರಣ ಬ್ರೆಜಿಲ್‌ನ ಸಾವೊ ಪಾವ್ಲೊ
• 1992, ಹೆನ್ರೀಸ್ ಡ್ರೀಮ್. ನಿರ್ಮಾಪಕ ಡೇವಿಡ್ ಬ್ರಿಗ್ಸ್
• 1994, ಲೆಟ್ ಲವ್ ಇನ್
• 1996, ಮರ್ಡರ್ ಬ್ಯಾಲಡ್ಸ್
• 1997, ದ ಬೋಟ್‌ಮನ್ಸ್ ಕಾಲ್
• 2001, ನೋ ಮೋರ್ ಶಲ್ ವಿ ಪಾರ್ಟ್
• 2003, ನಾಕ್ಟುರಾಮ. ಬಾರ್ಗೆಲ್ಡ್ ಅವರ ಕೊನೆಯದು

• ‘ದ ವೀಪಿಂಗ್ ಸಾಂಗ್’, 1990: ಕೇವ್–ಬಾರ್ಗೆಲ್ಡ್ ಯುಗಳಗೀತೆ. ತಂದೆಯ ಪಾತ್ರ ಬಾರ್ಗೆಲ್ಡ್, ಮಗನ ಪಾತ್ರ ಕೇವ್. ವಯಸ್ಸಿನಲ್ಲಿ ಕೇವ್ ಹಿರಿಯರು. ಮಂದ್ರ ಕಂಠವೇ ಪಾತ್ರ ಹಂಚಿಕೆಯನ್ನು ನಂಬಿಸುವ ಅಂಶ.
• ‘ವೇರ್ ದ ವೈಲ್ಡ್ ರೋಸಸ್ ಗ್ರೋ’, 1995: ಕೇವ್ ಮತ್ತು ಕೈಲಿ ಮಿನೋಗ್. ಮಿನೋಗ್ ಧ್ವನಿಮುದ್ರಣಕ್ಕೆ ಮುನ್ನ ಆಕೆಯ ಭಾಗದ ಮಾದರಿ ಗಾಯನ ಬಾರ್ಗೆಲ್ಡ್ ಅವರದು. ಅದರ ಬಿಡುಗಡೆ ‘ಬಿ-ಸೈಡ್ಸ್ ಅಂಡ್ ರ‍್ಯಾರಿಟೀಸ್’ ಸಂಕಲನದಲ್ಲಿ, 2005. ಗೀತೆಗೆ ಆಸ್ಟ್ರೇಲಿಯಾದ ಆರಿಯಾ ಪ್ರಶಸ್ತಿ, 1996: ವರ್ಷದ ಹಾಡು, ವರ್ಷದ ಸಿಂಗಲ್.
• ‘ಸ್ಟ್ಯಾಗರ್ ಲೀ’, 1996: ಕೊನೆಯ ಚೀತ್ಕಾರ ಬಾರ್ಗೆಲ್ಡ್.
• ‘ಡೆತ್ ಈಸ್ ನಾಟ್ ದ ಎಂಡ್’, 1996: ಬಾಬ್ ಡಿಲನ್ ಗೀತೆ, ಸರದಿ ಗಾಯನದಲ್ಲಿ ಬಾರ್ಗೆಲ್ಡ್, ಪಿ.ಜೆ. ಹಾರ್ವಿ, ಶೇನ್ ಮೆಕ್‌ಗೋವನ್, ಅನಿಟಾ ಲೇನ್ ಮೊದಲಾದವರು.
• ಗಿಟಾರ್ ಶೈಲಿ: ಸ್ಲೈಡ್, ವಿರಳ ಸ್ವರ, ದೀರ್ಘ ಅನುರಣನ, ಬ್ಲೂಸ್ ಮಾದರಿಯ ಸೋಲೊ ಇಲ್ಲ. ಬಿಟ್ಟ ಜಾಗವೇ ಶೈಲಿಯ ಗುರುತು.
• ನಿರ್ಗಮನ: 2003. ಮುಂದೆ ‘20,000 ಡೇಸ್ ಆನ್ ಅರ್ಥ್’, 2014, ಚಿತ್ರದಲ್ಲಿ ಚಲಿಸುವ ಕಾರಿನೊಳಗೆ ಕೇವ್–ಬಾರ್ಗೆಲ್ಡ್ ಸಂಭಾಷಣೆ. ವಿಷಯ ಇದೇ ನಿರ್ಗಮನ.

ಪ್ರಮುಖ ಕಾರ್ಯಕ್ರಮಗಳು

• 3 ಜನವರಿ 1984, ಲಂಡನ್, ಇನ್‌ಸ್ಟಿಟ್ಯೂಟ್ ಆಫ್ ಕಂಟೆಂಪರರಿ ಆರ್ಟ್ಸ್: ‘ಕಂಠ ಮತ್ತು ಯಂತ್ರಗಳಿಗಾಗಿ ಕಾನ್ಸರ್ಟೊ’. ನಾಯ್‌ಬೌಟೆನ್ ಸದಸ್ಯರು ಮತ್ತು ಬ್ರಿಟಿಷ್ ಅತಿಥಿಗಳು. ಯಂತ್ರಗಳಿಂದ ವೇದಿಕೆಯ ನೆಲ ಕೊರೆತ, ಅವಧಿಗೆ ಮುನ್ನ ನಿಲುಗಡೆ. ಅದೇ ಸಂಸ್ಥೆಯಲ್ಲಿ ಕಲಾವಿದೆ ಜೋ ಮಿಚೆಲ್ ಅವರಿಂದ ಮರುಪ್ರಯೋಗ, 2007.
• 21 ಡಿಸೆಂಬರ್ 1989, ಪೂರ್ವ ಬರ್ಲಿನ್, ಲಿಶ್ಟನ್‌ಬರ್ಗ್‌ನ ಎಲೆಕ್ಟ್ರೊಕೋಲೆ ಸರ್ಕಾರಿ ಕಾರ್ಖಾನೆ: ಗೋಡೆ ಪತನದ 6 ವಾರಗಳಲ್ಲಿ ಪ್ರದರ್ಶನ. ಸಭೆಯಲ್ಲಿ ನಾಟಕಕಾರ ಹೈನರ್ ಮ್ಯುಲರ್. ಪೂರ್ವದ ಕೇಳುಗರು ಅಲ್ಲಿಯವರೆಗೆ ಈ ತಂಡವನ್ನು ಬಲ್ಲದ್ದು ರೇಡಿಯೊ ಮತ್ತು ಕೈದಾಟಿದ ಕ್ಯಾಸೆಟ್‌ಗಳಿಂದ. ಸಾಕ್ಷ್ಯಚಿತ್ರ: ‘ಎಲೆಕ್ಟ್ರೊಕೋಲೆ’, 2009, ನಿರ್ದೇಶಕ ಉಲಿ ಎಂ. ಶ್ಯೂಪಲ್.
• 1993: ಯು2 ತಂಡದ ಝೂರೋಪಾ ಪ್ರವಾಸದಲ್ಲಿ ಆರಂಭಿಕ ತಂಡ, ಅಲ್ಪಾವಧಿ.
• ನವೆಂಬರ್ 2004, ಬರ್ಲಿನ್, ಪಾಲಾಸ್ಟ್ ಡೆರ್ ರೆಪುಬ್ಲಿಕ್: ಹಿಂದಿನ ಪೂರ್ವ ಜರ್ಮನ್ ಸಂಸತ್ ಭವನದ ಬರಿದಾದ ಉಕ್ಕಿನ ಚೌಕಟ್ಟಿನೊಳಗೆ ಪ್ರದರ್ಶನ. ಸಮೂಹಗಾನದಲ್ಲಿ ತಂಡದ ಚಂದಾದಾರರು. ಕಟ್ಟಡ ನೆಲಸಮ: 2006–08.

ಬೆಂಬಲಿಗರ ಯೋಜನೆ

• ಆರಂಭ: 2002, ಅಂತರಜಾಲ ಆಧಾರಿತ.
• ಸ್ವರೂಪ: ಕೇಳುಗರಿಂದ ಮುಂಗಡ ಚಂದಾ, ಪ್ರತಿಯಾಗಿ ಸ್ಟುಡಿಯೊ ಅಭ್ಯಾಸದ ನೇರ ವೆಬ್ ಪ್ರಸಾರ, ಕಲಾವಿದರೊಂದಿಗೆ ಚರ್ಚೆ, ಅಂಗಡಿಯಲ್ಲಿ ಸಿಗದ ವಿಶೇಷ ಆಲ್ಬಂ.
• ಹಂತಗಳು: ಮೊದಲನೆಯದು 2002–03; ಎರಡನೆಯದರ ಫಲ ‘ಗ್ರುಂಡ್‌ಸ್ಟ್ಯುಕ್’, 2005; ಮೂರನೆಯದರ ಫಲ ‘ಆಲ್ಲೆಸ್ ವೀಡರ್ ಓಫನ್’, 2007; ನಾಲ್ಕನೆಯದರ ಫಲ ‘ಆಲ್ಲೆಸ್ ಇನ್ ಆಲ್ಲೆಮ್’, 2020.
• ‘ಮುಸ್ಟರ್‌ಹೌಸ್’ ಪ್ರಯೋಗ ಮಾಲೆ: 8 ಆಲ್ಬಂ, 2005–07, ಚಂದಾದಾರರಿಗೆ.
• ಹೋಲಿಕೆಗೆ: ಕಿಕ್‌ಸ್ಟಾರ್ಟರ್ ಆರಂಭ 2009, ಪೇಟ್ರಿಯಾನ್ ಆರಂಭ 2013. ಅಂದರೆ ಜನನಿಧಿ ಎಂಬ ವ್ಯವಸ್ಥೆ ರೂಢಿಗೆ ಬರುವ 7 ವರ್ಷ ಮುಂಚೆ. ಡಿಜಿಟಲ್ ಯುಗದ ಸಂಗೀತ ಅರ್ಥವ್ಯವಸ್ಥೆಯ ಅಧ್ಯಾಯದಲ್ಲಿ ಈ ಯೋಜನೆಯ ಹೆಸರು ಬಿಟ್ಟುಹೋಗುವುದು ದೊಡ್ಡ ಲೋಪ.

ಲಮೆಂಟ್, 2014

• ಸಂದರ್ಭ: ಮೊದಲ ಮಹಾಯುದ್ಧದ ಶತಮಾನೋತ್ಸವ.
• ಆಯೋಜಕ: ಬೆಲ್ಜಿಯಂನ ಫ್ಲಾಂಡರ್ಸ್ ಪ್ರದೇಶದ ಡಿಕ್ಸ್‌ಮೌಡೆ ನಗರ, ಯುದ್ಧದಲ್ಲಿ ನೆಲಸಮಗೊಂಡ ಐಸರ್ ನದಿ ರಂಗದ ಪಟ್ಟಣ.
• ಪ್ರಥಮ ಪ್ರದರ್ಶನ: 8 ನವೆಂಬರ್ 2014, ಡಿಕ್ಸ್‌ಮೌಡೆ.
• ಸ್ವರೂಪ: ರಂಗಪ್ರದರ್ಶನಕ್ಕೆ ರಚನೆ, ಆಲ್ಬಂ ಅದರ ಸ್ಟುಡಿಯೊ ರೂಪ.
• ‘ಕ್ರೀಗ್ಸ್‌ಮಷಿನರೀ’: ಆರಂಭಿಕ ಭಾಗ, ಯುದ್ಧಸಿದ್ಧತೆ, ವೇದಿಕೆಯ ಮೇಲೆ ಲೋಹದ ರಾಶಿ ಬೆಳೆಯುವ ಸದ್ದು.
• ‘ಹಿಮ್ನೆನ್’: ಬ್ರಿಟನ್ ಮತ್ತು ಜರ್ಮನ್ ಸಾಮ್ರಾಜ್ಯ ಎರಡಕ್ಕೂ ಒಂದೇ ಧಾಟಿಯ ರಾಷ್ಟ್ರಸ್ತುತಿ ಇದ್ದ ಸಂಗತಿ ಆಧಾರ.
• ‘ದ ವಿಲ್ಲಿ-ನಿಕಿ ಟೆಲಿಗ್ರಾಮ್ಸ್’: ಕೈಸರ್ 2ನೇ ವಿಲ್ಹೆಲ್ಮ್ ಮತ್ತು ತ್ಸಾರ್ 2ನೇ ನಿಕೊಲಸ್ ನಡುವಿನ ತಂತಿ ಸಂದೇಶ, 29 ಜುಲೈ–1 ಆಗಸ್ಟ್ 1914. ಇಬ್ಬರೂ ಬಂಧುಗಳು, ಸಂದೇಶಗಳ ಭಾಷೆ ಇಂಗ್ಲಿಷ್.
• ‘ಡೆರ್ ಏರ್ಸ್ಟೆ ವೆಲ್ಟ್‌ಕ್ರೀಗ್’: ತಾಳವಾದ್ಯ ರೂಪ. ಪ್ರತಿ ಯುದ್ಧನಿರತ ದೇಶಕ್ಕೆ ಒಂದು ಪ್ಲಾಸ್ಟಿಕ್ ಪೈಪು, ಯುದ್ಧದ ಪ್ರತಿ ದಿನಕ್ಕೆ ಒಂದು ಪೆಟ್ಟು. ವೇಗ ನಿಮಿಷಕ್ಕೆ 120, ಅವಧಿ ಸುಮಾರು 13 ನಿಮಿಷ. ದೇಶ ಯುದ್ಧ ಸೇರಿದ ದಿನ ಪೈಪಿನ ಪ್ರವೇಶ, ಹೊರಬಿದ್ದ ದಿನ ಮೌನ. ಲೆಕ್ಕವೇ ಸಂಗೀತವಾದ ಅಪರೂಪದ ಉದಾಹರಣೆ. ನಾಲ್ಕು ವರ್ಷಗಳ ಸಾವಿನ ಉದ್ದ ಕಿವಿಗೆ ನಿಲುಕುವಂತಾಗುವ ಭಾಗ ಇದೇ.
• ‘ಆನ್ ಪೆಟ್ರೋಲ್ ಇನ್ ನೋ ಮ್ಯಾನ್ಸ್ ಲ್ಯಾಂಡ್’: ಮೂಲ ಅಮೆರಿಕದ 369ನೇ ಪದಾತಿದಳ, ಅಂದರೆ ಹಾರ್ಲೆಮ್ ಹೆಲ್‌ಫೈಟರ್ಸ್, ಕಪ್ಪು ಸೈನಿಕರ ದಳ, ವಾದ್ಯವೃಂದ ನಾಯಕ ಜೇಮ್ಸ್ ರೀಸ್ ಯೂರೋಪ್, ನಿಧನ 1919.
• ವಿಶೇಷ ವಾದ್ಯ: ಮುಳ್ಳುತಂತಿಯ ಹಾರ್ಪ್.
• ‘ಪಾಟರ್ ಪೆಕಾವಿ’ ಭಾಗ: 16ನೇ ಶತಮಾನದ ರಚನಕಾರ ಯಾಕೋಬುಸ್ ಕ್ಲೆಮೆನ್ಸ್ ನಾನ್ ಪಾಪಾ ಅವರ ಸಮೂಹಗಾನ ಆಧಾರ, ಅವರ ಸಮಾಧಿ ಸ್ಥಳ ಡಿಕ್ಸ್‌ಮೌಡೆ. ಗಾನದ ಮೇಲೆ ಯುದ್ಧಕೈದಿಗಳ ಹಳೆಯ ಧ್ವನಿಮುದ್ರಣ: ಬೈಬಲ್‌ನ ದುಂದುಗಾರ ಮಗನ ಸಾಮತಿ, ಕೈದಿಗಳ ತಂತಮ್ಮ ಭಾಷೆಗಳಲ್ಲಿ.

ಯುದ್ಧಕೈದಿಗಳ ಧ್ವನಿಮುದ್ರಣ: ಭಾರತದ ನಂಟು

• ಸಂಗ್ರಹಕಾರ: ರಾಯಲ್ ಪ್ರಷ್ಯನ್ ಫೋನೋಗ್ರಾಫಿಕ್ ಆಯೋಗ, 1915–18, ಮುಖ್ಯ ವ್ಯಕ್ತಿಗಳು ಕಾರ್ಲ್ ಸ್ಟುಂಫ್, ವಿಲ್ಹೆಲ್ಮ್ ಡೋಗೆನ್. ಸುಮಾರು 250 ಭಾಷೆ ಮತ್ತು ಉಪಭಾಷೆ.
• ಸಂಗ್ರಹ ಸ್ಥಳ: ಬರ್ಲಿನ್ ಹಂಬೋಲ್ಟ್ ವಿಶ್ವವಿದ್ಯಾಲಯದ ಧ್ವನಿ ಸಂಗ್ರಹಾಲಯ.
• ಬ್ರಿಟಿಷ್ ಭಾರತೀಯ ಸೇನೆಯ ಕೈದಿಗಳ ಶಿಬಿರ: ಬರ್ಲಿನ್ ದಕ್ಷಿಣದ ವ್ಯುನ್ಸ್‌ಡೋರ್ಫ್, ‘ಅರ್ಧಚಂದ್ರ ಶಿಬಿರ’. ಇವರ ಕಂಠಗಳೂ ಇದೇ ಸಂಗ್ರಹದಲ್ಲಿ.
• ದುಂದುಗಾರ ಮಗನ ಇದೇ ಸಾಮತಿ ಜಾರ್ಜ್ ಗ್ರಿಯರ್ಸನ್ ಅವರ ಭಾರತೀಯ ಭಾಷಾ ಸಮೀಕ್ಷೆಯ ಮಾದರಿ ಪಠ್ಯವೂ ಹೌದು. ಕನ್ನಡದ ವಿವರ: ಸಮೀಕ್ಷೆಯ 4ನೇ ಸಂಪುಟ, 1906, ಮುಂಡಾ ಮತ್ತು ದ್ರಾವಿಡ ಭಾಷೆಗಳು, ಸಿದ್ಧಪಡಿಸಿದವರು ಸ್ಟೆನ್ ಕೊನೊವ್. ಮೈಸೂರು ಸಂಸ್ಥಾನ ಮತ್ತು ಮದ್ರಾಸ್ ಪ್ರಾಂತ್ಯ ಸಮೀಕ್ಷೆಯ ವ್ಯಾಪ್ತಿಯ ಹೊರಗೆ.

ರಂಗಭೂಮಿ, ರೇಡಿಯೊ, ಸಿನಿಮಾ

• ‘ಡಿ ಹ್ಯಾಮ್ಲೆಟ್‌ಮಷೀನೆ’: ಹೈನರ್ ಮ್ಯುಲರ್ ನಾಟಕ, 1977. ರೇಡಿಯೊ ರೂಪ ಪೂರ್ವ ಜರ್ಮನ್ ಬಾನುಲಿಗೆ, 1990, ಆಲ್ಬಂ 1991. ಹ್ಯಾಮ್ಲೆಟ್ ಪಾತ್ರ ಬಾರ್ಗೆಲ್ಡ್, ಒಫೀಲಿಯಾ ಪಾತ್ರ ಗುಡ್ರುನ್ ಗುಟ್.
• ‘ಆಂಡಿ’: ಹ್ಯಾಂಬರ್ಗ್, 1987, ನಿರ್ದೇಶಕ ಪೀಟರ್ ಜಾಡೆಕ್, ವೇದಿಕೆಯಲ್ಲಿ ನಾಯ್‌ಬೌಟೆನ್ ಸಂಗೀತ.
• ‘ಫೌಸ್ಟ್‌ಮ್ಯೂಸಿಕ್’: ಆಲ್ಬಂ 1996, ಆಸ್ಟ್ರಿಯಾದ ವರ್ನರ್ ಶ್ವಾಬ್ ಅವರ ಫೌಸ್ಟ್ ನಾಟಕಕ್ಕೆ ಸಂಗೀತ.
• ‘ಹಾಲ್ಬರ್ ಮೆನ್ಶ್’ ಚಿತ್ರ, 1986: ನಿರ್ದೇಶಕ ಜಪಾನ್‌ನ ಸೋಗೊ ಇಶೀ. ಚಿತ್ರೀಕರಣ ಪಾಳುಬಿದ್ದ ಉಕ್ಕಿನ ಕಾರ್ಖಾನೆಯಲ್ಲಿ. ಜೊತೆಗೆ ಬ್ಯಾಕ್ಕೋಶಾ ಬುಟೊ ನೃತ್ಯತಂಡ.
• ‘ವಿಂಗ್ಸ್ ಆಫ್ ಡಿಸೈರ್’, 1987: ನಿರ್ದೇಶಕ ವಿಮ್ ವೆಂಡರ್ಸ್, ಬ್ಯಾಡ್ ಸೀಡ್ಸ್ ಪ್ರದರ್ಶನದ ದೃಶ್ಯದಲ್ಲಿ ಬಾರ್ಗೆಲ್ಡ್.
• ‘ಡ್ಯಾಂಡಿ’, 1988: ನಿರ್ದೇಶಕ ಪೀಟರ್ ಸೆಂಪಲ್.
• ‘ದ ರೋಡ್ ಟು ಗಾಡ್ ನೋಸ್ ವೇರ್’, 1990: ಬ್ಯಾಡ್ ಸೀಡ್ಸ್‌ನ ಅಮೆರಿಕ ಪ್ರವಾಸ, ನಿರ್ದೇಶಕ ಶ್ಯೂಪಲ್.
• ಜಾಹೀರಾತು: ಹಾರ್ನ್‌ಬಾಖ್ ಹಾರ್ಡ್‌ವೇರ್ ಮಳಿಗೆ ಸರಣಿಗಾಗಿ ಅದರ ಸರಕುಪಟ್ಟಿಯ ನಾಟಕೀಯ ವಾಚನ.

ಏಕವ್ಯಕ್ತಿ ಮತ್ತು ಜಂಟಿ ಕೃತಿಗಳು

• ‘ಕಮಿಷನ್ಡ್ ಮ್ಯೂಸಿಕ್’, 1995: ಏಕವ್ಯಕ್ತಿ ಆಲ್ಬಂ.
• ‘ರೇಡೆ’: ಮಾತು, ಮೈಕು ಮತ್ತು ಮರುಕಳಿಸುವ ಧ್ವನಿಸುರುಳಿಗಳಷ್ಟೇ ಇರುವ ಏಕವ್ಯಕ್ತಿ ಕಂಠಪ್ರದರ್ಶನ.
• ಎಎನ್‌ಬಿಬಿ: ಎಲೆಕ್ಟ್ರಾನಿಕ್ ಕಲಾವಿದ ಆಲ್ವಾ ನೋಟೊ, ಅಂದರೆ ಕಾರ್ಸ್ಟನ್ ನಿಕೊಲಾಯ್, ಜೊತೆಗಿನ ಜೋಡಿ. ‘ರೆಟ್ ಮಾರುಟ್ ಹ್ಯಾಂಡ್‌ಶೇಕ್’ ಮತ್ತು ‘ಮಿಮಿಕ್ರಿ’, ಎರಡೂ 2010.
• ಟೇಹೊ ಟೇಯಾರ್ಡೊ: ಇಟಲಿಯ ಚಿತ್ರಸಂಗೀತ ರಚನಕಾರ. ಆರಂಭ: ‘ಉನಾ ವೀಟಾ ಟ್ರಾಂಕ್ವಿಲಾ’ ಚಿತ್ರದ ಗೀತೆ, 2010. ಆಲ್ಬಂಗಳು: ‘ಸ್ಟಿಲ್ ಸ್ಮೈಲಿಂಗ್’, 2013, ‘ನೆರಿಸ್ಸಿಮೊ’, 2016, ‘ಕ್ರಿಶ್ಚಿಯನ್ ಅಂಡ್ ಮೌರೊ’, 2024. ಗಾಯನ ಭಾಷೆ: ಜರ್ಮನ್, ಇಂಗ್ಲಿಷ್, ಇಟಾಲಿಯನ್. ‘ನೆರಿಸ್ಸಿಮೊ’ ಹೊದಿಕೆ: ಹಾನ್ಸ್ ಹೋಲ್ಬೈನ್ ಅವರ ‘ರಾಯಭಾರಿಗಳು’ ವರ್ಣಚಿತ್ರದ ಛಾಯೆ, ಮೂಲ 1533.

ಪುಸ್ತಕಗಳು

• ‘ಸ್ಟಿಮ್ಮೆ ಫ್ರಿಸ್ಟ್ ಫೊಯರ್’, 1988, ಮೆರ್ವೆ ಪ್ರಕಾಶನ.
• ‘ಹೆಡ್‌ಕ್ಲೀನರ್’, 1997: ತಂಡದ ಗೀತಪಠ್ಯ.
• ‘ಯೂರೋಪಾ ಕ್ರೊಯ್ಟ್ಸ್‌ವೈಸೆ’, 2009, ರೆಸಿಡೆನ್ಸ್ ಪ್ರಕಾಶನ: ಯುರೋಪ್ ಸಂಗೀತ ಪ್ರವಾಸದ ಬರಹ.

ಗೊಂದಲ ನಿವಾರಣೆ

• ದ ಬರ್ತ್‌ಡೇ ಪಾರ್ಟಿ: ಬಾರ್ಗೆಲ್ಡ್ ಸದಸ್ಯರಲ್ಲ, ಅತಿಥಿ ಮಾತ್ರ.
• ‘ದ ವೀಪಿಂಗ್ ಸಾಂಗ್’: ‘ದ ಗುಡ್ ಸನ್’ ಆಲ್ಬಂ, ‘ಮರ್ಡರ್ ಬ್ಯಾಲಡ್ಸ್’ ಅಲ್ಲ.
• ‘ಹಾಲ್ಬರ್ ಮೆನ್ಶ್’: ಆಲ್ಬಂ 1985, ಚಿತ್ರ 1986.
• ‘ಹೌಸ್ ಡೆರ್ ಲ್ಯೂಗೆ’: ಜರ್ಮನ್ ಏಕೀಕರಣಕ್ಕೆ ಮುನ್ನ, 1989, ಏಕೀಕರಣ 3 ಅಕ್ಟೋಬರ್ 1990.
• ದಾದಾ ಕಲಾವಿದ ಬಾರ್ಗೆಲ್ಡ್: ಮೂಲ ಹೆಸರು ಆಲ್ಫ್ರೆಡ್ ಗ್ರ್ಯುನ್‌ವಾಲ್ಡ್, ನಿಧನ 1927. ಇಬ್ಬರಿಗೂ ಅದು ಇಟ್ಟುಕೊಂಡ ಹೆಸರು. ಜನ್ಮನಾಮ ಯಾರದ್ದೂ ಅಲ್ಲ.
• ಮಾರ್ಕ್ ಚುಂಗ್, ಎಫ್.ಎಂ. ಐನ್‌ಹೈಟ್: 1 ಏಪ್ರಿಲ್ 1980ರ ವೇದಿಕೆಯಲ್ಲಿ ಇಬ್ಬರೂ ಇಲ್ಲ.